ತಳವಿಲ್ಲದ ದೋಣಿಯ ಪ್ರಯಾಣಿಕ

ಸುಮ್ಮನೆ ಕೂರುವುದು ಸುಲಭವೆಂದು ಹೇಳುವವರು ಎಂದೂ ಸುಮ್ಮನೆ ಕೂತವರಲ್ಲ. ನನ್ನ ಮಟ್ಟಿಗಂತೂ ಮೌನವೆಂಬುದು ದಂತವೈದ್ಯರ ಕುರ್ಚಿಯಲ್ಲಿ ಮಾತ್ರ ಸಿದ್ಧಿಸುವ ಯೋಗಸ್ಥಿತಿ. ಅಲ್ಲಿಯೂ ಅವರು ಬಾಯಿಂದ ಸಲಕರಣೆ ತೆಗೆದ ಮರುಕ್ಷಣವೇ ಅರ್ಧಕ್ಕೆ ನಿಂತ ವಾಕ್ಯವನ್ನು ಪೂರ್ತಿಗೊಳಿಸಿಬಿಡುತ್ತೇನೆ. ಅಮೆರಿಕದ ಡಾಲಸ್ ಬಳಿಯ ಲಾಸ್ ಕೊಲಿನಾಸ್‌ನ ನಮ್ಮ ಆಫೀಸಿನಲ್ಲಿ ಮೀಟಿಂಗಿಗೆ ಮೊದಲು ನನ್ನ ಮೈಕನ್ನು ಮ್ಯೂಟ್ ಮಾಡುವ ಹೊಣೆಯನ್ನು ಯಾರಿಗೋ ಗುಟ್ಟಾಗಿ ವಹಿಸಿದ್ದಾರೆಂಬ ವದಂತಿಯನ್ನು ನಾನು ನಂಬಿಲ್ಲ, ಅಲ್ಲಗಳೆದೂ ಇಲ್ಲ. ಇಂಥ ವಾಚಾಳಿಗೆ ಐವತ್ತು ದಾಟಿದ ಮೇಲೆ ರಂಗಭೂಮಿಯಲ್ಲಿ ಒದಗಿದ ಮೊದಲ ಪಾತ್ರ ಯಾವುದೆಂದರೆ, ಆದಿಯಿಂದ ಅಂತ್ಯದವರೆಗೆ ಒಂದಕ್ಷರವೂ ಆಡದೆ ದೋಣಿಯಲ್ಲಿ ಕೂತಿರುವ ಪ್ರಯಾಣಿಕನದು. ವಿಧಿಗೂ ಹಾಸ್ಯಪ್ರಜ್ಞೆ ಇದೆಯೆಂದು ಓದುಗರಾದ ನೀವು ಇಷ್ಟರಲ್ಲೇ ಒಪ್ಪಿರುತ್ತೀರಿ.

ಪಾತ್ರ ಕೊಟ್ಟವಳು ಶ್ರಾಬಣಿ. ಡಾಲಸ್ ಆಚೆಯ ಉಪನಗರ ಲಿಟಲ್ ಎಲ್ಮ್‌ನಲ್ಲಿ ನಮ್ಮ ಮನೆಗೆ ಎರಡು ಬೀದಿ ಆಚೆ ವಾಸ, ಹೂಸ್ಟನ್‌ನಲ್ಲಿ ಹುಟ್ಟಿ ಬೆಳೆದ ಬಂಗಾಳಿ. ನನ್ನ ಮಗಳು ಅನನ್ಯಾಗೆ ಸಂಗೀತ ಹೇಳಿಕೊಡುತ್ತಾಳೆ. ವೈದ್ಯಕೀಯ ಓದನ್ನು ನಡುವೆ ಬಿಟ್ಟು ಹಾಡು, ನಾಟಕ ಎಂದು ಹೊರಟವಳು. ಹೆಸರಿನಲ್ಲಿ ಎರಡು ತಂತಿ, ಮೈಮೇಲೆ ನಾಲ್ಕು ತಂತಿ ಇರುವ ದೋತಾರ ಎಂಬ ವಾದ್ಯವನ್ನು ಮೀಟುತ್ತ, ಬಂಗಾಳದ ಅಂಬಿಗರ ಹಾಡುಗಳನ್ನು ಹಾಡುತ್ತ, ಹಾಡುಹಾಡಿನ ನಡುವೆ ಇಂಗ್ಲಿಷಿನಲ್ಲಿ ಕತೆ ನಡೆಸುತ್ತಾಳೆ. ಅವಳ ಈ ನಾಟಕದಲ್ಲಿ ಒಬ್ಬ ಅಂಬಿಗಿತ್ತಿ ದೋಣಿ ನಡೆಸುತ್ತಾಳೆ. ತಾನು ಯಾವ ದಡದವನೆಂಬುದನ್ನೇ ಮರೆತ ಒಬ್ಬ ಪ್ರಯಾಣಿಕ ಅದರಲ್ಲಿ ಕೂತಿರುತ್ತಾನೆ. ಕೂತಿರಬೇಕಾಗಿದ್ದ ನಟ ಕೆಲಸ ಸಿಕ್ಕಿತೆಂದು ಬೇರೆ ಊರಿಗೆ ಶಿಫ್ಟ್ ಆದ. ಆಸ್ಟಿನ್, ಹೂಸ್ಟನ್ ಎರಡೂ ಕಡೆ ಪ್ರದರ್ಶನ ನಿಶ್ಚಯವಾಗಿತ್ತು, ಡಾಲಸ್ಸಿನಲ್ಲಿ ಜಾಗ ಹುಡುಕುವುದಷ್ಟೇ ಬಾಕಿಯಿತ್ತು. ಹೀಗೆ ಪ್ರಯಾಣಿಕನೊಬ್ಬ ಪ್ರಯಾಣ ಹೊರಟದ್ದರಿಂದ ಅವಳು ನಮ್ಮ ಬಾಗಿಲಿಗೆ ಬಂದಳು.

ನಾನು ಹೂಂ ಎನ್ನುವ ಮೊದಲೇ ನನ್ನ ಹೆಂಡತಿ ವಸುಧಾ, ಇವರಿಗೆ ಬೇರೇನು ಬಂದರೂ ಅದೊಂದು ಬರುವುದಿಲ್ಲವೆಂದು ಎಚ್ಚರಿಸಿದಳು. ಅನನ್ಯಾ ಫೋನಿನಿಂದ ತಲೆಯೆತ್ತದೆ, "ಅಪ್ಪಾ, ಯು ಜಸ್ಟ್ ಹ್ಯಾವ್ ಟು ಸಿಟ್ ದೇರ್. ಯು ಕಾಂಟ್," ಎಂದಳು. ಮನೆಯವರ ಈ ಅವಿಶ್ವಾಸ ನಿರ್ಣಯವೇ ನನ್ನನ್ನು ನಟನನ್ನಾಗಿಸಿತು.

ದೋಣಿಯನ್ನು ನಾನೇ ಗರಾಜಿನಲ್ಲಿ ಪ್ಲೈವುಡ್ಡಿನಿಂದ ಕಟ್ಟಿದೆ. ರಂಗದ ಮೇಲೆ ದೋಣಿಗೆ ಪಕ್ಕೆಗಳಿದ್ದರೆ ಸಾಕು, ತಳ ಬೇಕಿಲ್ಲ. ಒಳಗೊಂದು ಮಣೆ ಹಾಕಿಕೊಂಡು ಕೂತರಾಯಿತು. ಅದನ್ನು ಕಾರಿನ ನೆತ್ತಿಗೆ ಬಿಗಿದು ಆಸ್ಟಿನ್ ಕಡೆ ಹೊರಟಾಗ, ಜಾರ್ಜ್‌ಟೌನ್ ಬಳಿ ಪೆಟ್ರೋಲ್ ಹಾಕಿಸುತ್ತಿದ್ದ ದೊಡ್ಡ ಟೋಪಿಯ ಯಜಮಾನರೊಬ್ಬರು ಯಾವ ಕೆರೆಗೆ ಮೀನು ಹಿಡಿಯಲು ಹೊರಟಿರಿ ಎಂದು ಆದರದಿಂದ ವಿಚಾರಿಸಿದರು. ಇದಕ್ಕೆ ತಳವಿಲ್ಲವೆಂದು ವಿವರಿಸಿದೆ. ಅವರು ದೋಣಿಯನ್ನೊಮ್ಮೆ, ನನ್ನನ್ನೊಮ್ಮೆ ನೋಡಿ, ನಿಮಗೆ ಒಳ್ಳೆಯದಾಗಲಿ ಎಂದು ಹೇಳಿ ಟ್ರಕ್ ಹತ್ತಿದರು. ಇಡೀ ಯಾತ್ರೆಯಲ್ಲಿ ನಮಗೆ ದೊರೆತ ನಿಷ್ಕಪಟ ವಿಮರ್ಶೆ ಅದೊಂದೇ.

ಆಸ್ಟಿನ್‌ನ ರಂಗಮಂದಿರ ಹಿಂದೊಮ್ಮೆ ಉಗ್ರಾಣವಾಗಿದ್ದ ಕರಿಗೋಡೆಗಳ ಕೋಣೆ. ಪ್ರೇಕ್ಷಕರು ಎಷ್ಟು ಸಹೃದಯರೆಂದರೆ, ಶ್ರಾಬಣಿ ತಂತಿ ಬಿಗಿಮಾಡಿಕೊಂಡಾಗಲೂ ಕಣ್ಣು ಮುಚ್ಚಿ ತಲೆದೂಗಿದರು. ನಾಟಕದ ನಂತರ ಸಂವಾದ. ಬೆಳ್ಳಿಗೂದಲಿನ ಮಹಿಳೆಯೊಬ್ಬರು ನನ್ನ ಮೌನ ಯಾವುದರ ಸಂಕೇತ, ಇತಿಹಾಸ ಕಸಿದುಕೊಂಡ ದನಿಗಳದೋ ಅಥವಾ ನದಿಯದೋ ಎಂದು ಕೇಳಿದರು. ನನ್ನ ಎಡಗಾಲು ಜೋಮು ಹಿಡಿದು ಬಹಳ ಹೊತ್ತಾಗಿತ್ತು. ಮುಖದಲ್ಲಿ ಕಂಡ ವೇದನೆಯೆಲ್ಲ ಅದರದೇ. ಹೇಳಲು ಬಾಯಿ ತೆರೆದೆ. ಶ್ರಾಬಣಿ ನನ್ನತ್ತ ಒಂದು ನೋಟ ಬೀರಿದಳು. ಬಾಯಿ ಮುಚ್ಚಿದೆ. ಆ ಮುಚ್ಚಿದ ಬಾಯಿಗೂ ಚಪ್ಪಾಳೆ ಬಿತ್ತು.

ಹೂಸ್ಟನ್‌ನಲ್ಲಿ ನಾವು ಶ್ರಾಬಣಿಯ ತಂದೆಯ ಮನೆಯಲ್ಲಿ ಉಳಿದೆವು. ಅವರು ನಿವೃತ್ತ ಹೃದ್ರೋಗ ತಜ್ಞರು, ಹೆಂಡತಿಯನ್ನು ಕಳೆದುಕೊಂಡವರು. ಬಿಳಿ ಮೀಸೆ, ಮನೆಯೊಳಗೂ ಇಸ್ತ್ರಿ ಮಾಡಿದ ಅಂಗಿ. ನನ್ನನ್ನು ತಮ್ಮ ಹಳೆಯ ಬೆಳ್ಳಿ ಬಣ್ಣದ ಕಾರಿನಲ್ಲಿ ಕೂರಿಸಿಕೊಂಡು ಮಾರುಕಟ್ಟೆಗೆ ಹೋಗಿ ತರಕಾರಿ ಆರಿಸಿದರು. ನಾನು ಮೀನು ತಿನ್ನುವುದಿಲ್ಲವೆಂದು ತಿಳಿದಾಗ ಅವರ ಮುಖದಲ್ಲಿ ಮೂಡಿದ ಅನುಕಂಪ ರೋಗಿಗಳ ಬಂಧುಗಳಿಗೆ ಮಾತ್ರ ಮೀಸಲಾಗಿದ್ದಿರಬೇಕು. ಹೂಕೋಸಿಗೆ ಸಾಸಿವೆ ಅರೆದು ಹಾಕಿ ತಾವೇ ಪಲ್ಯ ಮಾಡಿ ಬಡಿಸಿದರು. ಮಗಳ ಗಂಟಲಿಗೆಂದು ಶುಂಠಿ ಕಷಾಯ ಕಾಯಿಸಿದರು. ಆದರೆ ಗಂಟಲು ಮರುದಿನ ಏನು ಮಾಡಲಿದೆ ಎಂಬುದರ ಬಗ್ಗೆ ಮಾತ್ರ ಒಂದು ಮಾತೂ ಆಡಲಿಲ್ಲ.

ಅವರು ಅವಳ ಒಂದು ನಾಟಕವನ್ನೂ ನೋಡಿರಲಿಲ್ಲ. ಓದು ಬಿಟ್ಟದ್ದಕ್ಕೆ ಕೋಪವಿರಬೇಕೆಂದು ಅವಳು ತಿಳಿದಿದ್ದಳು. ನನ್ನಂಥವನಿಗೆ ಇನ್ನೊಬ್ಬರ ಮನೆಯ ಮೌನ ಕಂಡರೆ ಕೈ ಹಾಕದಿರಲಾಗುವುದಿಲ್ಲ. ಪಾತ್ರೆ ಒರೆಸುವ ನೆಪದಲ್ಲಿ ಅಡುಗೆಮನೆಯಲ್ಲಿ ಅವರ ಪಕ್ಕ ನಿಂತು, ನಾಳೆ ನೀವು ಬಂದರೆ ಅವಳಿಗೆ ಎಷ್ಟು ಸಂತೋಷವಾಗುತ್ತದೆ ಎಂದು ಪೀಠಿಕೆ ಹಾಕಿದೆ. ನಮ್ಮ ನಡುವಿನದು ಇಂಗ್ಲಿಷು, ಅದಕ್ಕೆ ಹಿಂದಿಯ ಒಗ್ಗರಣೆ. ಕನ್ನಡಕ್ಕೆ ತಂದದ್ದು ನಾನು.

ಅವರು ನಲ್ಲಿ ನಿಲ್ಲಿಸಿದರು. "ಅವು ನನ್ನ ಅಮ್ಮನ ಹಾಡುಗಳು. ಇದೇ ಸಿಂಕಿನ ಮುಂದೆ ಪಾತ್ರೆ ತೊಳೆಯುತ್ತ ಹಾಡುತ್ತಿದ್ದಳು. ಯಾರಾದರೂ ಒಳಗೆ ಬಂದರೆ ನಿಲ್ಲಿಸಿಬಿಡುತ್ತಿದ್ದಳು. ನಾನು ಬಂದರೂ ಅಷ್ಟೇ. ಬಾಗಿಲ ಹಿಂದೆ ನಿಂತು ಕೇಳುತ್ತಿದ್ದೆ. ಈಗ ನನ್ನ ಮಗಳು ಅವನ್ನೇ ದೀಪ ಹಾಕಿ, ಜನ ಸೇರಿಸಿ ಕೇಳಿಸುತ್ತಾಳೆ. ನನಗೆ ಕೂತು ನೋಡಲು ಆಗುವುದಿಲ್ಲ."

ನಾನು ಒರೆಸಿದ ತಟ್ಟೆಯನ್ನೇ ಮತ್ತೆ ಒರೆಸಿದೆ.

ಮರುದಿನ ಶ್ರಾಬಣಿ ಮುಂದಿನ ಸಾಲಿನ ಒಂದು ಕುರ್ಚಿಯ ಮೇಲೆ ತನ್ನ ಶಾಲು ಹಾಸಿ ಕಾದಿರಿಸಿದಳು. ಸಭಾಂಗಣ ತುಂಬಿತು, ಶಾಲು ಶಾಲಾಗಿಯೇ ಉಳಿಯಿತು. ನಾಟಕ ಮುಗಿದದ್ದೇ ಸಮುದಾಯದ ಹಿರಿಯರು ತಿದ್ದುಪಡಿಗಳೊಂದಿಗೆ ವೇದಿಕೆ ಏರಿದರು. ಈ ಹಾಡು ನದಿಯ ಪೂರ್ವ ದಂಡೆಯದು, ಇವಳು ಪಶ್ಚಿಮದವರ ಹಾಗೆ ಉಚ್ಚರಿಸಿದಳೆಂದು ಒಬ್ಬರು. ಅಲ್ಲವೇ ಅಲ್ಲ, ಪಶ್ಚಿಮದ ಹಾಡನ್ನೇ ಪೂರ್ವದವರ ಹಾಗೆ ಕೆಡಿಸಿದ್ದಾಳೆಂದು ಇನ್ನೊಬ್ಬರು. ಟೆಕ್ಸಾಸಿನ ನೆಲದಲ್ಲಿ ನಿಂತು ಆ ನದಿಯ ಎರಡೂ ದಡಗಳಲ್ಲಿ ಹೋರಾಡುತ್ತಿದ್ದ ಅವರಿಬ್ಬರ ನಡುವೆ ದೋಣಿಯಲ್ಲಿ ಕೂತಿದ್ದ ನಾನು, ಎರಡೂ ಕಡೆಯವರಿಗೆ ತಲೆಯಾಡಿಸಿದೆ. ಎಲ್ಲಕ್ಕಿಂತ ಹೆಚ್ಚಾಗಿ ಕೇಳಿಬಂದ ಪ್ರಶ್ನೆ, ಅಪ್ಪ ಬರಲಿಲ್ಲವೇ ಎಂಬುದು. ಆಸ್ಪತ್ರೆಯಲ್ಲಿ ಡ್ಯೂಟಿ ಇದೆ ಎಂದು ಶ್ರಾಬಣಿ ಎಲ್ಲರಿಗೂ ಹೇಳಿದಳು. ನಿವೃತ್ತ ವೈದ್ಯರಿಗೆ ಎಲ್ಲಿಯ ಡ್ಯೂಟಿ ಎಂದು ಯಾರೂ ಕೇಳಲಿಲ್ಲ. ಉಚ್ಚಾರದ ಬಗ್ಗೆ ಇಲ್ಲದ ಔದಾರ್ಯ ಅವರಿಗೆ ಸುಳ್ಳಿನ ಬಗ್ಗೆ ಇತ್ತು. ಹೊರಡುವಾಗ ಅವಳು ಶಾಲನ್ನು ಮಡಿಸಿ ಚೀಲಕ್ಕೆ ಹಾಕಿಕೊಂಡಳು. ದಾರಿಯುದ್ದಕ್ಕೂ ನಾನು ಹವಾಮಾನದ ಬಗ್ಗೆ ಮಾತಾಡಿದೆ.

ಇನ್ನು ಡಾಲಸ್. ಇಲ್ಲಿ ನಾಟಕಕ್ಕೆ ಜಾಗ ಕೊಡಿಸುವ ಹೊಣೆ ಹೊತ್ತವಳು ವಸುಧಾ. ಇಲ್ಲಿನ ನಮ್ಮ ಕನ್ನಡ ಸಂಘದ ಸಮಿತಿಯಲ್ಲಿ ಅವಳಿದ್ದಾಳೆ. ಯುಗಾದಿ ಕಾರ್ಯಕ್ರಮದಲ್ಲಿ ಸೇರಿಸೋಣವೆಂದು ಅವಳು ಸೂಚಿಸಿದಾಗ ಸಮಿತಿಯಲ್ಲಿ ಗಂಭೀರ ಚರ್ಚೆಯಾಯಿತು. ಕನ್ನಡದ ವೇದಿಕೆಯ ಮೇಲೆ ಬಂಗಾಳಿ ಹಾಡೇಕೆಂಬ ಪ್ರಶ್ನೆ ಎದ್ದಿತು. ಹಾಗೆ ಕೇಳಿದವರ ಮಕ್ಕಳು ಅದೇ ವೇದಿಕೆಯಲ್ಲಿ ಹಿಂದಿ ಸಿನಿಮಾ ಹಾಡಿಗೆ ಕುಣಿಯಲು ತಾಲೀಮು ನಡೆಸಿದ್ದರು. ಅದು ಬೇರೆ ವಿಷಯವಂತೆ. ಧಾರವಾಡದವರಾದ ಅಧ್ಯಕ್ಷ ಕುಲಕರ್ಣಿ ಅಂಕಲ್ ಮಧ್ಯದ ದಾರಿ ಹುಡುಕಿದರು. "ನೋಡ್ರಿ ವಸುಧಾ, ಹಾಡು ಯಾವ ಭಾಷಾದಾಗ ಇದ್ರೂ ನನಗೇನೂ ತಕರಾರ ಇಲ್ರಿ. ಆದ್ರ ಒಂದೀಟು ಕನ್ನಡ ಇರ್ಬೇಕಲ್ರಿ?"

"ಇದೆಯಲ್ಲ ಅಂಕಲ್," ಎಂದಳು ವಸುಧಾ. "ಪ್ರಯಾಣಿಕ ನಮ್ಮೋರೇ. ಅವರು ಪೂರ್ತಿ ಕನ್ನಡದಲ್ಲೇ ಸುಮ್ಮನಿರ್ತಾರೆ."

ಈ ವಾದವನ್ನು ಖಂಡಿಸಲು ಯಾರಿಗೂ ಸಾಧ್ಯವಾಗದೆ ನಿರ್ಣಯ ಸರ್ವಾನುಮತದಿಂದ ಅಂಗೀಕಾರವಾಯಿತು. ನಾಟಕವನ್ನು ಅರ್ಧಕ್ಕೆ ಇಳಿಸಬೇಕು, ಪುಟಾಣಿಗಳ ವೇಷಭೂಷಣ ಸ್ಪರ್ಧೆಗೂ ಮಧ್ಯಾಹ್ನದ ಊಟಕ್ಕೂ ನಡುವೆ ಮುಗಿಸಬೇಕು ಎಂಬುದಷ್ಟೇ ಷರತ್ತು.

ಯುಗಾದಿಯ ದಿನ ಪರದೆ ಸರಿದಾಗ ಸಭಿಕರಲ್ಲಿ ಅರ್ಧದಷ್ಟು ಜನ ಕಿರೀಟ ಧರಿಸಿದ ಮಕ್ಕಳ ಫೋಟೋ ತೆಗೆಯಲು ಹೊರಗೆ ಹೋಗಿದ್ದರು. ಉಳಿದವರ ಮೂಗಿಗೆ ಪಕ್ಕದ ಕೋಣೆಯಿಂದ ಬಿಸಿಬೇಳೆಬಾತಿನ ಪರಿಮಳ ಬಡಿಯುತ್ತಿತ್ತು. ನಮ್ಮ ಸಂಸ್ಕೃತಿಯ ಅತ್ಯಂತ ಪ್ರಬಲ ಪ್ರದರ್ಶಕ ಕಲೆ ಆ ಕೋಣೆಯಲ್ಲೇ ನಡೆಯುತ್ತಿದ್ದುದರಿಂದ, ಒಬ್ಬೊಬ್ಬರೇ ತಲೆ ಬಗ್ಗಿಸಿಕೊಂಡು ಅತ್ತ ಸರಿಯತೊಡಗಿದರು. ಶ್ರಾಬಣಿ ನನ್ನ ಹಿಂದೆ ನಿಂತು ಹುಟ್ಟು ಹಾಕುತ್ತ, ಕಣ್ಣು ಮುಚ್ಚಿ ಹಾಡುತ್ತಿದ್ದಳು. ನಾನು ಕಣ್ಣು ತೆರೆದು ಖಾಲಿಯಾಗುತ್ತಿದ್ದ ಕುರ್ಚಿಗಳನ್ನು ನೋಡುತ್ತಿದ್ದೆ. ಆಗ ಹಿಂದಿನ ಬಾಗಿಲು ತೆರೆಯಿತು. ಒಳಗೆ ಬಂದವರು ಕೊನೆಯ ಸಾಲಿನ ತುದಿಯಲ್ಲಿ ಕೂತರು. ಬಿಳಿ ಮೀಸೆ. ಇಸ್ತ್ರಿ ಮಾಡಿದ ಅಂಗಿ.

ಜೀವಮಾನವಿಡೀ ಹೇಳಬಾರದ್ದನ್ನೆಲ್ಲ ಹೇಳುತ್ತ ಬಂದ ನನಗೆ, ಹೇಳಲೇಬೇಕಾದ ಒಂದು ಸುದ್ದಿ ಸಿಕ್ಕಿದ್ದು ಆ ಕ್ಷಣದಲ್ಲಿ. ಶ್ರಾಬಣಿ ನನ್ನ ಬೆನ್ನ ಹಿಂದೆ ಎರಡಡಿ ದೂರದಲ್ಲಿದ್ದಳು. ನಾಲಿಗೆಯನ್ನು ಹಲ್ಲಿನ ನಡುವೆ ಕಚ್ಚಿ ಹಿಡಿದುಕೊಂಡೆ.

ಅವಳು ಹುಟ್ಟನ್ನು ಇಟ್ಟು ದೋತಾರ ಎತ್ತಿಕೊಂಡು, ಅಜ್ಜಿಯ ಹಾಡುಗಳಲ್ಲಿ ಕೊನೆಯದಕ್ಕೆ ಬಂದಳು. ಎರಡು ಸಾಲು ಮುಗಿದಿರಬಹುದು, ಪಕ್ಕದ ಮೈಕಿನಲ್ಲಿ ಕುಲಕರ್ಣಿ ಅಂಕಲ್ ಗಂಟಲು ಸರಿಪಡಿಸಿಕೊಂಡರು. ಬೆಳ್ಳಿ ಬಣ್ಣದ ಹಳೆಯ ಕಾರೊಂದು ಅಗ್ನಿಶಾಮಕ ವಾಹನಕ್ಕೆ ಬಿಟ್ಟ ಜಾಗದಲ್ಲಿ ನಿಂತಿದೆ, ಎಳೆದೊಯ್ಯುವ ಟ್ರಕ್ ಬಂದುಬಿಟ್ಟಿದೆ, ಯಾರದಿದ್ದರೂ ದಯವಿಟ್ಟು ಹೋಗಿ ತೆಗೆಯಿರಿ ಎಂದು ಮೊದಲು ಕನ್ನಡದಲ್ಲಿ, ಆಮೇಲೆ ಇಂಗ್ಲಿಷಿನಲ್ಲಿ, ನಂಬರ್ ಸಮೇತ ಸಾರಿದರು. ಶ್ರಾಬಣಿ ಹಾಡು ನಿಲ್ಲಿಸಿದಳು.

ಆ ಕಾರು ಯಾರದೆಂದು ಇಡೀ ಸಭಾಂಗಣದಲ್ಲಿ ಡಾಕ್ಟರಿಗೆ ಮತ್ತು ನನಗೆ ಮಾತ್ರ ಗೊತ್ತಿತ್ತು; ಅಪ್ಪ ಹೂಸ್ಟನ್ನಿನಲ್ಲೇ ಇದ್ದಾರೆಂದು ತಿಳಿದಿದ್ದ ಶ್ರಾಬಣಿಗೆ ಅನುಮಾನವೂ ಬರಲಿಲ್ಲ. ಡಾಕ್ಟರು ಜೇಬಿಗೆ ಕೈ ಹಾಕಿದರು, ಅರ್ಧ ಎದ್ದರು. ಅಷ್ಟರಲ್ಲಿ ಶ್ರಾಬಣಿ ಹಾಡನ್ನು ಮೊದಲ ಸಾಲಿನಿಂದ ಮತ್ತೆ ಎತ್ತಿಕೊಂಡಳು, ದೋತಾರ ಬದಿಗಿಟ್ಟು, ಬರಿ ದನಿಯಲ್ಲಿ, ಪಕ್ಕದ ಕೋಣೆಯಲ್ಲಿ ಯಾರೋ ಕೆಲಸ ಮಾಡುತ್ತ ಹಾಡಿಕೊಂಡ ಹಾಗೆ. ಅರ್ಧ ಎದ್ದವರು ಹಾಗೆಯೇ ನಿಂತರು. ಆಮೇಲೆ ಕೂತರು. ಮೈಕು ಇನ್ನೊಮ್ಮೆ ಗೊರಗುಟ್ಟಿ, ಇದು ಕಡೇ ಕರೆ ಎಂದಿತು. ಅವರು ಅಲುಗಲಿಲ್ಲ. ಈ ಸಲ ಅವಳೂ ನಿಲ್ಲಿಸಲಿಲ್ಲ. ಊಟಕ್ಕೆ ಹೊರಟಿದ್ದ ಇಬ್ಬರು ಹೆಂಗಸರು ಬಾಗಿಲ ಬಳಿಯೇ ನಿಂತುಬಿಟ್ಟರು. ಹೊರಗೆ ಸರಪಳಿ ಎಳೆದ ಸದ್ದು, ಟ್ರಕ್ಕಿನ ಸದ್ದು, ಅದು ದೂರವಾದ ಸದ್ದು ನನಗೆ ಸ್ಪಷ್ಟವಾಗಿ ಕೇಳಿಸಿತು, ಅವರಿಗೂ ಕೇಳಿಸಿರಬೇಕು.

ಪರದೆ ಬಿದ್ದ ತಕ್ಷಣ ನಾನು ಹಿಂತಿರುಗಿ, "ನಿಮ್ಮಪ್ಪ ಬಂದಿದ್ದಾರೆ. ಅವರ ಕಾರು ಹೋಯಿತು," ಎಂದೆ. ಎರಡು ವಾಕ್ಯಗಳಲ್ಲಿ ನಾನು ವಿಷಯ ಮುಗಿಸಿದ ದಾಖಲೆ ಅದು.

ಪಾರ್ಕಿಂಗಿನಲ್ಲಿ ಕೆಂಪು ಗೆರೆ ಎಳೆದ ಖಾಲಿ ಜಾಗದ ಪಕ್ಕ ಅವರು ಬೀಗದಕೈ ಹಿಡಿದು ನಿಂತಿದ್ದರು. ಶ್ರಾಬಣಿ ಅಂಬಿಗಿತ್ತಿಯ ವೇಷದಲ್ಲೇ ಓಡಿಬಂದಳು. ಹತ್ತಿರ ಬಂದ ಮೇಲೆ ಏನು ಮಾಡುವುದೆಂದು ತಿಳಿಯದೆ ನಿಂತಳು.

"ಬಾಬಾ, ಮೈಕಿನಲ್ಲಿ ಕರೆದದ್ದು ಕೇಳಲಿಲ್ಲವಾ?"

"ಕೇಳಿಸಿತು," ಎಂದರು ಅವರು. "ನೀನು ಹಾಡುತ್ತಿದ್ದೆ."

ಬೀಗದಕೈಯನ್ನು ಜೇಬಿಗೆ ಹಾಕಿಕೊಂಡರು. ಆಮೇಲೆ ಅವರು ಖಾಲಿ ಜಾಗವನ್ನೇ ನೋಡುತ್ತ ಹೇಳಿದರು: "ಅಮ್ಮ ನಿಲ್ಲಿಸಿದರೆ ಆಯಿತು, ಮತ್ತೆ ಹಾಡುತ್ತಿರಲಿಲ್ಲ. ಎಷ್ಟೋ ಹಾಡುಗಳ ಕೊನೆ ನನಗೆ ಗೊತ್ತೇ ಇರಲಿಲ್ಲ."

ಶ್ರಾಬಣಿ ಅವರ ತೋಳು ಹಿಡಿದುಕೊಂಡಳು. ನಾನು ದೋಣಿ ಬಿಚ್ಚುವ ಕೆಲಸವಿದೆಯೆಂದು ಅಲ್ಲಿಂದ ಸರಿದೆ.

ಕುಲಕರ್ಣಿ ಅಂಕಲ್‌ಗೆ ವಿಷಯ ತಿಳಿಯಿತು; ನೊಂದುಕೊಂಡು, ಡಾಕ್ಟರಿಗೆ ತಾವೇ ಎಲೆ ಹಾಕಿ ಬಡಿಸಿದರು. ಮೂರು ಸಲ ಬಿಸಿಬೇಳೆಬಾತು ನೀಡುವುದಕ್ಕಿಂತ ದೊಡ್ಡ ಕ್ಷಮಾಪಣೆ ನಮ್ಮ ಸಂಘದ ಇತಿಹಾಸದಲ್ಲಿಲ್ಲ. ಊಟವಾದ ಮೇಲೆ ತಂದೆ ಮಗಳನ್ನು ನನ್ನ ಕಾರಿನ ಹಿಂದಿನ ಸೀಟಿನಲ್ಲಿ ಕೂರಿಸಿಕೊಂಡು, ಎಳೆದೊಯ್ದ ಕಾರುಗಳನ್ನು ಇಡುವ ಅಂಗಳಕ್ಕೆ ಡ್ರೈವ್ ಮಾಡಿದೆ. ಅರ್ಧ ದಾರಿಗೆ ಜಗಳ ಶುರುವಾಯಿತು. ಎರಡನೆಯ ಸಾಲಿನ ಒಂದು ಸ್ವರವನ್ನು ಅವಳು ಎಳೆದದ್ದು ತಪ್ಪು ಎಂದು ಅವರು. ಅಜ್ಜಿ ತನಗೆ ಹೇಳಿಕೊಟ್ಟದ್ದೇ ಹಾಗೆ ಎಂದು ಅವಳು. ನಿನಗೆ ಹೇಳಿಕೊಟ್ಟಳಾ ಎಂದು ಅವರು ಬೆರಗಾಗಿ ಕೇಳಿದರು. ಇಲ್ಲದಿದ್ದರೆ ತನಗೆ ಹೇಗೆ ಬಂತು ಎಂದು ಅವಳು ಕೇಳಿದಳು. ಬಂಗಾಳಿ ನನಗೆ ತಿಳಿಯದಿದ್ದರೂ, ಅರ್ಧ ಇಂಗ್ಲಿಷಿನಲ್ಲೇ ನಡೆದ ಆ ಜಗಳಕ್ಕೆ ಅನುವಾದ ಬೇಕಾಗಲಿಲ್ಲ.

ತಂತಿಬೇಲಿಯ ಆ ಅಂಗಳದಲ್ಲಿ ಕಾರು ನಿಲ್ಲಿಸಿದಾಗ, ಹಾಗಲ್ಲ, ಹೀಗೆ ಎಂದು ಡಾಕ್ಟರು ಆ ಸಾಲನ್ನು ಸಣ್ಣಗೆ ಹಾಡಿ ತೋರಿಸಲು ತೊಡಗಿದರು. ಒರಟು, ಒಡಕು ದನಿ. ಶ್ರಾಬಣಿ ವಾದಿಸುವುದನ್ನು ಬಿಟ್ಟಳು. ಅಲ್ಲಿನ ನೌಕರ ಬಂದು ನನ್ನ ಕಿಟಕಿ ತಟ್ಟಿ, ಬೆಳ್ಳಿ ಬಣ್ಣದ ಕಾರಿನ ಮಾಲೀಕರು ನೀವೇನಾ ಎಂದು ಕೇಳಿದ. ಅಲ್ಲ, ಹಿಂದೆ ಕೂತಿದ್ದಾರೆ, ಒಂದು ನಿಮಿಷ ಇರಿ, ಹಾಡು ಮುಗಿಯಲಿ ಎಂದೆ.