ಮಡಿಯಲ್ಲಿದ್ದಾಗ ಬಂದ ಫೋನು

ಕಾಯಿ ತುರಿಯುತ್ತಿದ್ದೆ. ಎರಡನೇ ಹೋಳು ಕೈಗೆತ್ತಿಕೊಳ್ಳುವ ಹೊತ್ತಿಗೆ ನಡುಮನೆಯಲ್ಲಿ ಫೋನು ಬಡಿದುಕೊಂಡಿತು. ೨೦೦೪ರ ಚಳಿಗಾಲ. ಶೃಂಗೇರಿಯ ಹತ್ತಿರ ಮೆಣಸೆಯಲ್ಲಿ, ಅನಂತಯ್ಯ ಎಂಬವರ ಮನೆಯಲ್ಲಿ ಅವರ ತಂದೆಯ ತಿಥಿ. ನಾನು ಅಡುಗೆಗೆ ಹೋಗಿದ್ದೆ.

ಮನೆಯ ಕೆಲಸದ ಜೊತೆಗೆ ಹೀಗೆ ನಾಲ್ಕು ಮನೆಯ ಮಡಿ ಅಡುಗೆ ಮಾಡಿಕೊಡುವುದು ನನ್ನ ವೃತ್ತಿಯಾಗಿತ್ತು. ವೃತ್ತಿ ಎಂದು ಯಾರೂ ಕರೆಯುತ್ತಿರಲಿಲ್ಲ. ‘ಸಾವಿತ್ರಕ್ಕ ಬರ್ತಾರೆ’ ಎನ್ನುತ್ತಿದ್ದರು, ಅಷ್ಟೆ. ಮನೆಯ ಹೆಂಗಸರಿಗೆ ಕೈಲಾಗದಿದ್ದಾಗ, ಮುಟ್ಟಿನ ದಿನ ಅಡ್ಡ ಬಂದಾಗ, ಸೊಸೆ ಶಾಲೆಗೋ ಬ್ಯಾಂಕಿಗೋ ಹೋಗುವವಳಾದಾಗ ನನಗೆ ಹೇಳಿ ಕಳಿಸುತ್ತಿದ್ದರು. ದೇವರು ಕೈಗೆ ರುಚಿ ಕೊಟ್ಟಿದ್ದ, ನಡೆದುಕೊಂಡು ಹೋಗಲು ಕಾಲು ಕೊಟ್ಟಿದ್ದ. ಅದನ್ನು ನಾನು ಸಣ್ಣದೆಂದು ತಿಳಿದವಳಲ್ಲ.

ಆ ಫೋನು ನನ್ನ ತಂಗಿ ವನಜಳ ಜೀವದ ವಿಷಯವಾಗಿ ಬಂದದ್ದು. ಬಸರೀಕಟ್ಟೆಯಲ್ಲಿದ್ದ ಅವಳು ಎರಡನೇ ಬಸುರಿ. ದಿನ ತುಂಬಲು ಇನ್ನೂ ಒಂದು ತಿಂಗಳಿರುವಾಗಲೇ ಅವತ್ತು ಬೆಳಿಗ್ಗೆ ಅವಳಿಗೆ ರಕ್ತ ಹೋಗಲು ಶುರುವಾಗಿತ್ತು. ಅವಳದ್ದೂ ನನ್ನದೂ ಓ ನೆಗೆಟಿವ್ ರಕ್ತ. ಈ ಗುಂಪಿನವರಿಗೆ ಬೇರೆ ಗುಂಪಿನ ರಕ್ತ ಆಗುವುದಿಲ್ಲ, ಇದೇ ಗುಂಪಿನವರು ಹುಡುಕಿದ ಕೂಡಲೇ ಸಿಗುವುದೂ ಇಲ್ಲ. ಹೆರಿಗೆಯ ಹೊತ್ತಿಗೆ ಅಕ್ಕ ಹತ್ತಿರ ಇರಲಿ ಎಂದು ಡಾಕ್ಟರು ಮೊದಲೇ ಹೇಳಿದ್ದರು. ರಕ್ತದ ಗುಂಪಿನ ವಿಷಯ, ಡಾಕ್ಟರ ಮಾತು ನನಗೆ ಗೊತ್ತಿತ್ತು. ಫೋನು ಯಾತಕ್ಕೆ ಬಂತು ಎಂಬುದೊಂದು ಗೊತ್ತಿರಲಿಲ್ಲ. ಯಾಕೆಂದರೆ ನಾನು ಮಡಿಯಲ್ಲಿದ್ದೆ.

ಮಡಿ ಎಂದರೆ ಮೊದಲಿಗೆ ಬಟ್ಟೆ. ಒಗೆದ ಬಟ್ಟೆಯೇ ಮಡಿ, ಒಗೆಯುವುದು ಮಡಿ ಮಾಡುವುದು, ಊರಿಗೆಲ್ಲ ಒಗೆದು ಕೊಡುವವನು ಮಡಿವಾಳ. ಒಣಗಿದ್ದನ್ನು ಪದರ ಪದರವಾಗಿ ಮಡಿಸುತ್ತೇವೆ, ಆ ಪದರಕ್ಕೂ ಮಡಿ ಎನ್ನುತ್ತಾರೆ. ಗದ್ದೆಯಲ್ಲಿ ಭತ್ತದ ಸಸಿ ಎಬ್ಬಿಸುವ ಪಾತಿ ಸಸಿಮಡಿ. ಯುದ್ಧದಲ್ಲಿ ಸೈನಿಕರು ಮಡಿದರು ಎಂದು ಪೇಪರಿನಲ್ಲಿ ಬರೆಯುತ್ತಾರೆ. ಇವೆಲ್ಲ ಒಂದೇ ಬೇರಿನವೋ ಅಲ್ಲವೋ ಓದಿದವರು ಹೇಳಬೇಕು. ನನ್ನ ಕೆಲಸದಲ್ಲಿ ಮಡಿ ಎಂದರೆ ಸ್ನಾನ ಮಾಡಿ, ತಲೆಗೆ ನೀರು ಹೊಯ್ದುಕೊಂಡು, ಯಾರೂ ಮುಟ್ಟದೆ ಒಣಗಿದ ಸೀರೆ ಉಡುವುದು. ಆ ಸೀರೆಯನ್ನು ಎತ್ತರದ ಗಳುವಿನ ಮೇಲೆ ಕೋಲಿನಿಂದ ಹರಡಿರುತ್ತೇವೆ, ಕೋಲಿನಿಂದಲೇ ತೆಗೆಯುತ್ತೇವೆ. ರೇಷ್ಮೆಗೆ ಇಷ್ಟು ಕಟ್ಟಲೆ ಇಲ್ಲ, ಹತ್ತಿಗೆ ಇದೆ. ಒಣಗದಿದ್ದರೆ ಒದ್ದೆಯದನ್ನೇ ಉಟ್ಟುಕೊಳ್ಳುವುದು. ಉಟ್ಟ ಮೇಲೆ ಆ ಮಾತು ಬಟ್ಟೆಯಿಂದ ಮೈಗೆ ಬರುತ್ತದೆ: ಸೀರೆ ಮಡಿ, ಆಮೇಲೆ ನಾನೇ ಮಡಿ. ನನ್ನನ್ನು ಯಾರೂ ಮುಟ್ಟುವಂತಿಲ್ಲ, ನಾನು ಬಾಗಿಲಿನ ಚಿಲಕವನ್ನೂ ಮುಟ್ಟುವಂತಿಲ್ಲ. ಬ್ರಾಹ್ಮಣರ ಊಟ ಆಗುವವರೆಗೆ ಒಲೆ ಮತ್ತು ಹೊಸ್ತಿಲಿನ ನಡುವೆಯೇ ನನ್ನ ಪ್ರಪಂಚ. ಹೊಟ್ಟೆಗೂ ಏನೂ ಇಲ್ಲ.

ಮೊದಲನೇ ಸಲ ಅನಂತಯ್ಯನವರೇ ಫೋನು ಎತ್ತಿದರು. ‘ಹೌದು, ಇಲ್ಲೇ ಇದ್ದಾರೆ’ ಎಂದದ್ದು ಕೇಳಿಸಿತು. ಆಮೇಲೆ ದನಿ ತಗ್ಗಿಸಿ, ‘ಈಗ ಬೇಡ ಮಾರಾಯ್ರೆ. ಮುಂದೆ ಹೇಳ್ಬೇಡಿ. ಊಟ ಎಲ್ಲ ಆದ ಮೇಲೆ ಮಾಡಿ’ ಎಂದು ಇಟ್ಟುಬಿಟ್ಟರು.

‘ಯಾರಂತೆ ಜಲಜಕ್ಕ?’ ಎಂದು ಅವರ ಹೆಂಡತಿಯನ್ನು ಕೇಳಿದೆ.

‘ಯಾರೋ ಎಂತದೋ. ರಾಂಗ್ ನಂಬರ್ ಇರ್ಬೇಕು’ ಎಂದರು ಜಲಜಕ್ಕ.

ಇಲ್ಲಿ ಓದುವವರಿಗೆ ಒಂದು ವಿಷಯ ಬಿಡಿಸಿ ಹೇಳಬೇಕು. ಹತ್ತಿರದವರು ತೀರಿಹೋದರೆ ಸೂತಕ ಬರುತ್ತದಲ್ಲ, ದೂರದಲ್ಲಿದ್ದವರಿಗೆ ಅದು ಸುದ್ದಿ ಕಿವಿಗೆ ಬಿದ್ದಾಗಿನಿಂದ ಎಂದು ನಮ್ಮಲ್ಲಿ ಲೆಕ್ಕ. ಕೇಳದಿದ್ದರೆ ಇಲ್ಲ. ತಿಥಿಯ ಅಡುಗೆ ಮಾಡುವವಳಿಗೆ ಸಾವಿನ ಸುದ್ದಿ ಮುಟ್ಟಿತೆಂದರೆ ಅಡುಗೆ ಕೆಟ್ಟಂತೆ. ಆ ವರ್ಷದ ತಿಥಿ ತಪ್ಪಿದಂತೆ. ಹಾಗಾಗಿ ತಿಥಿಮನೆಗಳಲ್ಲಿ ಅಂತಹ ಸುದ್ದಿಯನ್ನು ಹೊಸ್ತಿಲ ಹೊರಗೇ ತಡೆದು ನಿಲ್ಲಿಸುವುದುಂಟು. ಅದರಲ್ಲಿ ಕೆಟ್ಟ ಮನಸ್ಸು ಇರುವುದಿಲ್ಲ. ಆಮೇಲೆ ಗೊತ್ತಾಯಿತು, ಫೋನಿನಲ್ಲಿ ಮಾತಾಡಿದ್ದು ವನಜಳ ಗಂಡ ನಾಗರಾಜ, ಜಯಪುರದ ಬೂತಿನಿಂದ. ‘ಸಾವಿತ್ರಕ್ಕನ ತಂಗಿ...’ ಎನ್ನುವಷ್ಟರಲ್ಲಿ ಅವನಿಗೆ ಅಳು ಬಂದಿದೆ. ಗಂಡಸಿನ ಅಳು ಕೇಳಿದ ಕೂಡಲೇ ಅನಂತಯ್ಯ ಸಾವೆಂದೇ ತಿಳಿದರು. ಪೂರ್ತಿ ಕೇಳಿದರೆ ತಾವೂ ಆ ಸುದ್ದಿ ಹೊತ್ತವರಾಗುತ್ತೇವೆ ಎಂದು ಇಟ್ಟುಬಿಟ್ಟರು.

ಸಾರಿಗೆ ಒಗ್ಗರಣೆ ಹಾಕುವಾಗ ಎರಡನೇ ಸಲ ಬಂತು. ಎತ್ತಿ, ಮಾತಿಲ್ಲದೆ ಇಟ್ಟ ಸದ್ದು.

ನನಗೆ ಸಂಶಯ ಬಂದದ್ದು ಫೋನಿನಿಂದಲ್ಲ, ಜಲಜಕ್ಕನಿಂದ. ಪಾಯಸಕ್ಕೆ ಬೆಲ್ಲ ಹಾಕುವಾಗ ಪ್ರತಿ ವರ್ಷ ಬಾಗಿಲಲ್ಲಿ ನಿಂತು ‘ಜಾಸ್ತಿ ಆಯ್ತು, ಕಡಿಮೆ ಆಯ್ತು’ ಎನ್ನುವ ಹೆಂಗಸು ಅವತ್ತು, ‘ನಿಮಗೆ ಸರಿ ಕಂಡಷ್ಟು ಹಾಕಿ ಸಾವಿತ್ರಕ್ಕ, ಅವಸರ ಮಾಡ್ಬೇಡಿ’ ಎಂದರು. ನನ್ನ ಮುಖ ನೋಡದೆ ಹೇಳಿದರು. ಬೇರೆಯವರ ದುಃಖ ಗೊತ್ತಿದ್ದಾಗ ಮಾತ್ರ ಮನುಷ್ಯರಿಗೆ ಬರುವ ಮೆತ್ತನೆಯ ದನಿ ಅದು.

ಯಾರು? ನಮ್ಮವರು ಬೆಳಿಗ್ಗೆ ನಾನು ಹೊರಡುವಾಗ ಚೆನ್ನಾಗಿಯೇ ಇದ್ದರು. ಅಣ್ಣನಿಗೆ ಸಕ್ಕರೆ ಕಾಯಿಲೆ. ಅತ್ತೆಗೆ ವಯಸ್ಸಾಗಿದೆ. ವನಜಳ ಹೆಸರು ಬಂದಾಗ ಮನಸ್ಸು ಅದನ್ನು ಆಚೆ ತಳ್ಳಿತು. ಕೇಳಿಬಿಡೋಣ ಎನ್ನಿಸಿತು. ಕೇಳಿದರೆ ಹೇಳುತ್ತಾರೆ. ಹೇಳಿದರೆ ಈ ಅನ್ನ, ಈ ಸಾರು, ಎಲೆ ತೊಳೆದುಕೊಂಡು ಕಾಯುತ್ತಿರುವ ಮನೆ, ಎಲ್ಲ ಹೋಗುತ್ತದೆ. ಹೊರಗಿನವರು ನನಗೆ ಹೇಳುವಂತಿಲ್ಲ, ಒಳಗಿನ ನಾನು ಕೇಳುವಂತಿಲ್ಲ. ಬಾಗಿಲು ತೆರೆದೇ ಇತ್ತು. ಆದರೂ ಬೀಗ ಹಾಕಿದ ಕೋಣೆಯಲ್ಲಿ ಕೂತ ಹಾಗಿತ್ತು. ಇಷ್ಟು ವರ್ಷ ಉಟ್ಟ ಸೀರೆ ಅವತ್ತು ಮೈಗೆ ಸುತ್ತಿದ ಹಗ್ಗದ ಹಾಗೆ ಅನ್ನಿಸಿತು. ಅಮ್ಮಾ ಶಾರದೆ, ನೀನೇ ನೋಡಿಕೋ ಎಂದು ಉದ್ದಿನ ಹಿಟ್ಟಿನ ಪಾತ್ರೆ ಎಳೆದುಕೊಂಡೆ. ಉಳಿದದ್ದು ವಡೆ ಒಂದೇ.

ಎಣ್ಣೆ ಕಾಯುವಾಗ ಮೂರನೇ ಸಲ ಹೊಡೆದುಕೊಂಡಿತು. ಯಾರೂ ಎತ್ತಲಿಲ್ಲ. ಅದು ಸಾಕಾಗಿ ನಿಂತಿತು. ಎರಡು ವಡೆ ಬಿಡುವುದರೊಳಗೆ ಮತ್ತೆ ಶುರುವಾಯಿತು.

ಆಗ ನನಗೊಂದು ವಿಷಯ ಹೊಳೆಯಿತು. ಅದನ್ನು ನನ್ನ ಬುದ್ಧಿ ಎನ್ನಲಾರೆ, ದೇವರು ಕೊಟ್ಟದ್ದು. ಸತ್ತವರ ಸುದ್ದಿಗೆ ಇಷ್ಟು ಆತುರ ಇರುವುದಿಲ್ಲ. ಊಟವಾದ ಮೇಲೆ ಮಾಡಿ ಎಂದರೆ ಕಾಯುತ್ತಾರೆ. ಮತ್ತೆ ಮತ್ತೆ ಮಾಡುವವರು ಬದುಕಿರುವವರಿಗಾಗಿ ಮಾಡುತ್ತಿದ್ದಾರೆ.

ಬಾಣಲೆಯನ್ನು ಒಲೆಯಿಂದ ಇಳಿಸಿ, ಹೊಸ್ತಿಲು ದಾಟಿ ನಡುಮನೆಗೆ ಬಂದೆ. ಅನಂತಯ್ಯ ಫೋನಿನ ಎದುರಿಗೇ ನಿಂತಿದ್ದರು.

‘ಸಾವಿತ್ರಕ್ಕ, ಅದನ್ನು ಮುಟ್ಬೇಡಿ. ನಿಮಗೆ ಕೈ ಮುಗೀತೇನೆ. ಇನ್ನೊಂದು ಗಳಿಗೆ.’

‘ಮುಟ್ಟಿದ್ರೆ ಮಡಿ ಹೋಗ್ತದೆ, ಅಷ್ಟೇ ಅಲ್ವಾ. ಸ್ನಾನ ಮಾಡಿದ್ರೆ ಮತ್ತೆ ಬರ್ತದೆ’ ಎಂದೆ. ಹಿಟ್ಟಿನ ಕೈಯಲ್ಲೇ ಎತ್ತಿದೆ.

‘ಅತ್ತಿಗೆ’ ಎಂದ ನಾಗರಾಜ. ಮುಂದಿನದನ್ನು ಒಂದೇ ಉಸಿರಿಗೆ ಹೇಳಿದ. ಜಯಪುರದಿಂದ ಮಾಡಿದೆ, ಕೊಪ್ಪದಿಂದ ಮಾಡಿದೆ, ಈಗ ನರಸಿಂಹರಾಜಪುರದಲ್ಲಿದ್ದೇವೆ. ಇಲ್ಲಿ ಡ್ರಿಪ್ ಹಾಕಿ ಮಲಗಿಸಿದ್ದಾರೆ. ಆಪರೇಷನ್ ಶಿವಮೊಗ್ಗದಲ್ಲಿ ಆಗಬೇಕು. ಆದರೆ ಅಲ್ಲಿ ಈ ರಕ್ತ ಇಲ್ಲವಂತೆ, ಕೊಡುವವರನ್ನು ಜೊತೆಗೇ ಕರ್ಕೊಂಡು ಬನ್ನಿ ಅಂದಿದ್ದಾರೆ. ‘ನೀವು ಬರದೆ ಹೊರಡೋ ಹಾಗಿಲ್ಲ ಅತ್ತಿಗೆ. ಅವಳಿಗೆ ಮಾತೂ ಸರಿ ಬರ್ತಿಲ್ಲ.’

‘ಬಂದೆ’ ಎಂದೆ.

ನಾನು ಅಡುಗೆಮನೆಯ ಒಲೆ ಕಾಯುತ್ತಿದ್ದಷ್ಟು ಹೊತ್ತೂ ನನ್ನ ತಂಗಿ ಊರಿನಿಂದ ಊರಿಗೆ ದೂರ ಹೋಗುತ್ತಿದ್ದಳು. ಅನಂತಯ್ಯನವರಿಗೆ ವಿಷಯ ಹೇಳಿದೆ. ಅವರು ಕೂಡಲೇ ಅಂಗಳಕ್ಕೆ ಹೋಗಿ ತಮ್ಮ ಜೀಪಿನ ಡ್ರೈವರ್ ಸುಂದರನನ್ನು ಕೂಗಿದರು.

ತಿಥಿ ಮಾಡಿಸಲು ಬಂದಿದ್ದ ಜೋಯಿಸರು ಮಣೆಯ ಮೇಲೆ ಕೂತು ದರ್ಭೆ ಸರಿಮಾಡುತ್ತಿದ್ದವರು ತಲೆ ಎತ್ತಿದರು. ‘ಅವರು ಮುಟ್ಟಿದ್ದು ಫೋನನ್ನ, ಅನ್ನವನ್ನಲ್ಲ. ಯಾರೂ ಸತ್ತಿಲ್ಲ, ಸೂತಕವೂ ಇಲ್ಲ. ಜಲಜಮ್ಮ, ನೀವು ತಲೆಗೆ ನೀರು ಹೊಯ್ಕೊಂಡು ಬಂದು ಉಳಿದ ವಡೆ ಕರೀರಿ’ ಎಂದರು.

‘ನನ್ನ ವಡೆ ಕಲ್ಲು ಅಂತ ಮಾವ ಬದುಕಿದ್ದಾಗಲೇ ಬಯ್ತಿದ್ರು’ ಎಂದರು ಜಲಜಕ್ಕ. ಅವರ ಕಣ್ಣಲ್ಲಿ ನೀರಿತ್ತು.

‘ಒಳ್ಳೇದಾಯ್ತು. ತಮ್ಮ ಮನೆ ಇದೇ ಅಂತ ಅವರಿಗೆ ಗುರುತು ಸಿಗ್ತದೆ’ ಎಂದರು ಜೋಯಿಸರು.

ಸೀರೆ ಬದಲಾಯಿಸಲು ನಿಲ್ಲಲಿಲ್ಲ. ಉಟ್ಟದ್ದರಲ್ಲೇ ಜೀಪು ಹತ್ತಿದೆ. ಸುಂದರ ನನ್ನನ್ನು ನೋಡಿ ಬಾಗಿಲ ಕಡೆಗೆ ಒತ್ತರಿಸಿಕೊಂಡು ಕೂತ. ‘ಅಮ್ಮ, ನೀವು ಮಡೀಲಿದ್ದೀರಿ. ಗೇರ್ ಹಾಕುವಾಗ ಕೈ ತಾಗ್ತದೆ.’

‘ತಾಗಲಿ ಮಾರಾಯ. ಗಾಡಿ ಹೋಗಲಿ.’

ಜಯಪುರದಲ್ಲಿ ಬಸ್ಸಿನವನೊಬ್ಬ ಅಡ್ಡ ನಿಲ್ಲಿಸಿಕೊಂಡು ಜನ ಹತ್ತಿಸುತ್ತಿದ್ದ. ಅವನ ಹಿಂದೆ ಕಾಯುವಾಗ ನನ್ನ ಜೀವ ಹೋಗಿ ಬಂತು. ಕೊಪ್ಪ ದಾಟಿದ ಮೇಲೆ ರಸ್ತೆಯ ಗುಂಡಿಗಳಲ್ಲಿ ಜೀಪು ಕುಣಿಯಿತು. ‘ನಿಧಾನ ಹೋಗ್ಲಾ ಅಮ್ಮ, ಸೊಂಟ ನೋಯ್ತದಾ?’ ಎಂದ ಸುಂದರ. ಬೇಡವೆಂದು ತಲೆ ಅಲ್ಲಾಡಿಸಿದೆ. ದಾರಿಯುದ್ದಕ್ಕೂ ನಾನು ಬೇಡಿದ್ದು ಒಂದೇ, ನಾನು ಮುಟ್ಟುವವರೆಗೆ ಅವಳು ಇರಲಿ.

ನರಸಿಂಹರಾಜಪುರದ ಆಸ್ಪತ್ರೆಯ ಮುಂದೆ ಆಂಬುಲೆನ್ಸ್ ಬಾಗಿಲು ತೆರೆದು ನಿಂತಿತ್ತು. ವನಜ ಸುಣ್ಣ ಬಳಿದ ಗೋಡೆಯ ಬಣ್ಣಕ್ಕೆ ತಿರುಗಿದ್ದಳು. ನನ್ನನ್ನು ಕಂಡು, ‘ಅಕ್ಕ, ತಿಥಿ ಮುಗೀತಾ?’ ಎಂದಳು. ಮುಗೀತು ಎಂದು ಸುಳ್ಳು ಹೇಳಿದೆ. ಅವಳು ನನ್ನ ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡು ಶಿವಮೊಗ್ಗ ಮುಟ್ಟುವವರೆಗೆ ಬಿಡಲಿಲ್ಲ.

ಅಲ್ಲಿ ರಕ್ತ ತೆಗೆಯುವ ಕೋಣೆಯ ನರ್ಸು, ‘ಬೆಳಿಗ್ಗೆ ಎಂತ ತಿಂದಿದ್ದೀರಿ?’ ಎಂದು ಕೇಳಿದಳು. ಏನೂ ಇಲ್ಲ ಎಂದೆ. ಖಾಲಿ ಹೊಟ್ಟೆಯಲ್ಲಿ ತೆಗೆಯುವ ಹಾಗಿಲ್ಲ ಎಂದು ಬಯ್ದು, ತನ್ನ ಡಬ್ಬಿಯ ಇಡ್ಲಿಯನ್ನೇ ಕೊಟ್ಟಳು. ಮಡಿ ಸೀರೆಯಲ್ಲಿ ಕೂತು, ಯಾರ ಮನೆಯದೋ ಇಡ್ಲಿ ತಿಂದೆ. ಅಂಥ ರುಚಿ ನನ್ನ ಕೈ ಅಡುಗೆಯಲ್ಲೂ ಕಂಡಿಲ್ಲ. ಆ ಹುಡುಗಿಯ ಹೆಸರು ಕೇಳಲು ಮರೆತೆ. ದೀಪ ಹಚ್ಚುವಾಗ ಅವಳನ್ನು ಈಗಲೂ ನೆನೆಯುತ್ತೇನೆ.

ವನಜ ಉಳಿದಳು. ಮಗು ಉಳಿಯಲಿಲ್ಲ, ಗಂಡು ಮಗು. ಅವರು ಮನೆ ಬಿಡುವ ಮೊದಲೇ ಹೊಟ್ಟೆಯೊಳಗೆ ಅದರ ಎದೆಬಡಿತ ನಿಂತಿತ್ತು ಎಂದು ಡಾಕ್ಟರು ಹೇಳಿದರು. ತಾಯಿಯನ್ನು ತರುವುದು ಇನ್ನೂ ತಡವಾಗಿದ್ದರೆ ಅವಳೂ ಇರುತ್ತಿರಲಿಲ್ಲ ಎಂದೂ ಹೇಳಿದರು.

ಆಸ್ಪತ್ರೆಯಿಂದ ಅವಳನ್ನು ಶೃಂಗೇರಿಯ ನಮ್ಮ ಮನೆಗೇ ಕರೆತಂದೆ. ಅವಳು ಬಂದ ಮಾರನೇ ದಿನ ಅನಂತಯ್ಯ ಬಂದರು. ಜಗಲಿಯ ಮೇಲೆ ಕೂತು, ಕೊಟ್ಟ ಕಾಫಿಯನ್ನು ಆರಲು ಬಿಟ್ಟು, ನೆಲ ನೋಡುತ್ತಿದ್ದರು.

‘ಮೊದಲನೇ ಸಲವೇ ನಿಮ್ಮನ್ನ ಕರೆದಿದ್ರೆ ಮಗು ಇರ್ತಿತ್ತಾ ಸಾವಿತ್ರಕ್ಕ? ನಿದ್ದೆ ಬರ್ತಿಲ್ಲ.’

‘ಅದು ಹೊರಡೋ ಮೊದಲೇ ಹೋಗಿತ್ತಂತೆ. ಡಾಕ್ಟರೇ ಹೇಳಿದ್ದಾರೆ’ ಎಂದೆ.

‘ನನ್ನ ಸಮಾಧಾನಕ್ಕೆ ಹೇಳ್ಬೇಡಿ.’

‘ನನ್ನ ಸಮಾಧಾನಕ್ಕೂ ಅದೇ ಮಾತು ಇಟ್ಕೊಂಡಿದ್ದೇನೆ. ಕಾಫಿ ಕುಡೀರಿ.’

ಡಾಕ್ಟರ ಆ ಒಂದು ಮಾತು ಇಲ್ಲದಿದ್ದರೆ ನಾವಿಬ್ಬರೂ ಮುಖ ಎತ್ತಿ ನೋಡುವ ಹಾಗಿರಲಿಲ್ಲ. ಅದನ್ನೂ ದೇವರ ದಯೆ ಎಂದೇ ಎಣಿಸಿದ್ದೇನೆ.

ಕಾಫಿ ಕುಡಿದು ಎದ್ದವರು ಮೆಟ್ಟಿಲಲ್ಲಿ ನಿಂತು, ‘ಬರೋ ವರ್ಷ ಬರ್ತೀರಾ?’ ಎಂದರು.

‘ಬರ್ತೇನೆ. ಫೋನ್ ಬಂದ್ರೆ ಮಾತ್ರ ಪೂರ್ತಿ ಕೇಳ್ಬೇಕು. ಕೇಳಿ ನನಗೆ ಹೇಳ್ಬೇಕು.’

ಅಂದಿನಿಂದ ಯಾವ ಮನೆಗೆ ಹೋದರೂ ಒಲೆ ಹಚ್ಚುವ ಮೊದಲು ಈ ಮಾತು ಹೇಳಿಯೇ ಕೆಲಸಕ್ಕೆ ಕೂರುತ್ತಿದ್ದೆ. ಒಂದಿಬ್ಬರು ಮುಖ ಸಿಂಡರಿಸಿ ಬೇರೆಯವರನ್ನು ಕರೆದರು, ಕರೆಯಲಿ. ಮಡಿಯನ್ನು ನಾನು ಬಿಟ್ಟಿಲ್ಲ, ಈ ವಯಸ್ಸಿನಲ್ಲೂ ಬಿಡುವವಳಲ್ಲ. ಅದು ದೇವರ ಮುಂದೆ ಚೊಕ್ಕಟವಾಗಿ ನಿಲ್ಲಲು ಉಡುವ ಬಟ್ಟೆ, ಕಿವಿಗೆ ತುರುಕುವ ಬಟ್ಟೆಯಲ್ಲ. ಅಡುಗೆಯ ಕೆಲಸ ನನಗೆ ಕಲಿಸಿದ್ದು ಇಷ್ಟೇ.

ಅವತ್ತು ಅನಂತಯ್ಯ ಹೊರಟುಹೋದ ಮೇಲೆ ಒಳಗಿನಿಂದ ವನಜ, ‘ಅಕ್ಕ, ಯಾರು ಬಂದಿದ್ರು?’ ಎಂದು ಕೂಗಿದಳು. ಮೆಣಸೆಯವರು ಎಂದೆ. ಅವಳಿಗೆ ಎದೆಹಾಲು ಕಟ್ಟಿಕೊಂಡು ರಾತ್ರಿಯಿಡೀ ನೋವು. ಮಗು ಮಡಿಲಲ್ಲಿ ಇಲ್ಲದಿದ್ದರೂ ಬಾಣಂತಿ ಬಾಣಂತಿಯೇ. ಅವಳ ತಲೆಗೆ ಎಣ್ಣೆ ಹಚ್ಚಿ, ಸ್ನಾನಕ್ಕೆ ನೀರು ಕಾಯಿಸಲು ಬಚ್ಚಲೊಲೆಗೆ ಬೆಂಕಿ ಹಾಕಿದೆ.