ಶೂನ್ಯಪ್ಪನ ಸಾವಿಗೆ ಒನ್ಸ್ ಮೋರ್

ದಾವಣಗೆರೆ ವಿನೋಬನಗರದ ಕೊಟ್ಟೂರಪ್ಪನಿಗೆ ಸಾವಿನ ಭಯ ಇಲ್ಲ ಅಂತ ಯಾರಾರ ಹೇಳಿದ್ರೆ ನಂಬಬ್ಯಾಡ್ರಿ. ಹಗಲೆಲ್ಲ ಮಂಡಿಪೇಟೆಯ ಕಾಳಿನ ಅಂಗಡಿಯಾಗ ಚೀಲ ತೂಗೋ ಮನುಷ್ಯ, ಬಣ್ಣ ಹಚ್ಚಿದರೆ ‘ಲೋಕವೇ ಇಲ್ಲ’ ನಾಟಕದ ತತ್ವಜ್ಞಾನಿ ಶೂನ್ಯಪ್ಪ. ಕಾಲೇಜಿನಾಗ ತತ್ವಶಾಸ್ತ್ರ ಹೇಳ್ತಿದ್ದ ಮೇಷ್ಟ್ರೊಬ್ಬರು ಬರೆದ ಹಾಸ್ಯ ನಾಟಕ ಅದು. ಚೇಳು ಕಡಿದರೂ ಶೂನ್ಯಪ್ಪ “ನೋವು ಅನ್ನೋದೇ ಇಲ್ಲ, ಎಲ್ಲಾ ಭ್ರಮೆ” ಅಂತಾನೆ. ಕಡೀಗೆ ಎದೆ ಹಿಡಕೊಂಡು, ಅದೇ ಮಾತು ಹೇಳ್ತಾ ಹೇಳ್ತಾ ಸಾಯ್ತಾನೆ. ಜನ ಹೊಟ್ಟೆ ಹುಣ್ಣಾಗೋ ಹಂಗೆ ನಕ್ಕು “ಒನ್ಸ್ ಮೋರ್” ಅಂದ್ರೆ ಎದ್ದು ಇನ್ನೊಮ್ಮೆ ಸಾಯಬೇಕು. ಕಂಪನಿ ನಾಟಕದ ಕಾಲದಿಂದ ಬಂದ ರೂಢಿ, ತಪ್ಪಿಸಂಗಿಲ್ಲ.

ಈ ಪಾತ್ರ ಮೊದಲು ಪರಶುರಾಮಂದು. ಹತ್ತು ವರ್ಷದ ಹಿಂದೆ, ಇಪ್ಪತ್ತೇಳನೇ ಪ್ರಯೋಗದಾಗ, ಎದೆ ಹಿಡಕೊಂಡು ಬಿದ್ದ ಪರಶುರಾಮ ಮತ್ತೆ ಏಳಲಿಲ್ಲ. ಜನ ಐದು ನಿಮಿಷ ನಕ್ಕರು. ಪಕ್ಕದಾಗೆ ಶಿಷ್ಯನ ವೇಷದಾಗಿದ್ದ ಕೊಟ್ಟೂರಪ್ಪನೂ ನಕ್ಕಿದ್ದ. ಅಯ್ಯೋ, ಆ ನಗು ಇವತ್ತಿಗೂ ಅವನ ಹೊಟ್ಟೆಯಾಗ ಕೂತೈತೆ.

ನಾಲ್ಕು ವರ್ಷ ನಾಟಕ ನಿಂತಿತ್ತು. ಮತ್ತೆ ಆಡೋಣ ಅಂದಾಗ ಶೂನ್ಯಪ್ಪನ ಮಾತು ಪೂರಾ ಬಾಯಿಗೆ ಬರ್ತಿದ್ದುದು ಕೊಟ್ಟೂರಪ್ಪನಿಗೊಬ್ಬನಿಗೇ. ಒಲ್ಲೆ ಅನ್ನಲಾಗಲಿಲ್ಲ. ಪರದೆ ಎಳೆಯೋ ಸಿಕಂದರ್‌ನ ಕೈ ಹಿಡಕೊಂಡು ಹೇಳಿದ: “ಸಿಕಂದರಣ್ಣ, ನಂಗೆ ಖರೇನ ಏನಾರ ಆದ್ರೆ ವಿಗ್ ಕಿತ್ತು ಒಗಿತೀನಿ. ತಕ್ಷಣ ಪರದೆ ಬಿಡು.”

ಸಿಕಂದರ್ ತಮಾಷೆ ಮಾಡಲಿಲ್ಲ. “ಆಯ್ತು ಬಿಡಪ್ಪ” ಅಂದ. ಅಲ್ಲಿಂದ ಪ್ರತಿ ಪ್ರಯೋಗದಾಗೂ ಕೊಟ್ಟೂರಪ್ಪ ಸಾಯೋ ಮೊದಲು ಒಮ್ಮೆ ಪಕ್ಕಕ್ಕೆ ನೋಡೋನು, ಹಗ್ಗದ ಮೇಲೆ ಸಿಕಂದರ್‌ನ ಕೈ ಐತೋ ಇಲ್ಲೋ ಅಂತ.

ಹೋದ ತಿಂಗಳು ಹರಿಹರದಾಗ ಭಾನುವಾರ ಮಧ್ಯಾಹ್ನದ ಪ್ರಯೋಗ. ಹಿಂದಿನ ಸಲ ವಿಗ್ ಜಾರಿತ್ತು ಅಂತ ಮೇಕಪ್ಪಿನ ಬಸವಕಿರಣ್ ಈ ಸಲ ಗಮ್ ಬಳಿದು ಗಟ್ಟಿ ಕೂಡಿಸಿದ್ದ. ಪಾಪ, ಇವರಿಬ್ಬರ ಒಪ್ಪಂದ ಅವನಿಗೇನು ಗೊತ್ತು?

ಕಡೇ ದೃಶ್ಯ. “ನೋವು ಅನ್ನೋದೇ...” ಅನ್ನೋಷ್ಟರಾಗ ಕೊಟ್ಟೂರಪ್ಪನ ಎದೆ ಖರೇನ ಹಿಂಡಿತು. ಎಡಗೈ ಸೋತಿತು. ವಿಗ್ ಜಗ್ಗಿದ. ಬರಲಿಲ್ಲ. ಇನ್ನೊಮ್ಮೆ ಜಗ್ಗಿದ. ಜನ ಬಿದ್ದು ಬಿದ್ದು ನಕ್ಕರು.

“ನೋವೈತ್ರೋ! ಖರೇನ ನೋವೈತೆ!” ಅಂತ ಚೀರಿದ. ಶೂನ್ಯಪ್ಪನ ಬಾಯಾಗ ಆ ಮಾತು ಕೇಳಿ ನಗು ಇನ್ನೂ ಜೋರಾತು. ಪಕ್ಕದಾಗಿದ್ದ ಶಿಷ್ಯನ ವೇಷದೋನ ಮುಖ ನೋಡಿದರೆ ಅವನೂ ನಗ್ತಿದ್ದ. ಪರಶುರಾಮನೂ ಅವತ್ತು ಹಿಂಗೇ ನನ್ನ ಮುಖ ನೋಡಿದ್ದನೇನೋ ಅನ್ನಿಸಿತು ಕೊಟ್ಟೂರಪ್ಪನಿಗೆ.

ದಡ್ ಅಂತ ಪರದೆ ಬಿತ್ತು.

ದಾವಣಗೆರೆಯ ಆಸ್ಪತ್ರೆಯಾಗ ಮೂರನೇ ದಿನ ಕಣ್ಣು ಬಿಟ್ಟಾಗ ಸಿಕಂದರ್ ಮಗ್ಗುಲಿಗೆ ಕೂತಿದ್ದ.

“ವಿಗ್ ಬರಲೇ ಇಲ್ಲಣ್ಣ. ನಿಂಗೆ ಹೆಂಗೆ ಗೊತ್ತಾತು?” ಕೊಟ್ಟೂರಪ್ಪ ಕೇಳಿದ.

“ನಾಟಕದಾಗ ಇಲ್ಲದ ಮಾತು ಅಂದ್ಯಲ್ಲಪ್ಪ. ಆರು ವರ್ಷದಾಗ ಒಂದಕ್ಷರ ಆಚೀಚೆ ಮಾಡಿದೋನಲ್ಲ ನೀನು.”

“ಜನ ಏನಂದ್ರು?”

ಸಿಕಂದರ್ ನೆಲ ನೋಡಿದ. “ಒನ್ಸ್ ಮೋರ್ ಅಂದ್ರು.”

ಆರು ವರ್ಷ ಆ ಒಂದು ಕೂಗಿಗೆ ಎದ್ದೆದ್ದು ಸತ್ತಿದ್ದ ಮನುಷ್ಯ ಅವನ ಕೈ ಬಿಗಿಯಾಗಿ ಹಿಡಕೊಂಡ. “ಬ್ಯಾಡ ಅನ್ನು ಸಿಕಂದರಣ್ಣ. ನಂಗೆ ಹೆದರಿಕೆ ಆಗ್ತೈತೆ.”