ಬಾಲಮ್ಮ ವಾಪಸ್ ಕೇಳುವ ಕಲ್ಲು

ಬೆಳ್ಳಿ ಮೂಡುವ ಹೊತ್ತಿಗೇ ಬಾಲಮ್ಮನವರ ಉಳಿಯ ಸದ್ದು ಶುರು. ಚಿಂಚೋಳಿ ಸೀಮೆಯ ಹಳ್ಳಿಯೊಂದರಲ್ಲಿ, ಶರಣಬಸಮ್ಮನವರ ಅಂಗಳದಲ್ಲಿ ಕೂತು, ಸವೆದು ನುಣುಪಾದ ಬೀಸುಕಲ್ಲನ್ನು ಕಟೆದು ಮತ್ತೆ ಒರಟು ಮಾಡುತ್ತಿದ್ದಾರೆ. ಕೈ ಕಲ್ಲಿನ ಮೇಲೆ, ಕಣ್ಣು ಅಡಿಗೆಮನೆಯ ಬಾಗಿಲ ಮೇಲೆ.

“ಆ ಉದ್ದನ ಕಲ್ಲು ಎಲ್ಲದ, ಎಕ್ಕಾ?”

“ನೀ ಕಲ್ಲು ಕಟೀಲಿಕ್ಕಿ ಬಂದೀಯೋ, ತನಿಖಿಗಿ ಬಂದೀಯೋ?” ಒಳಗಿಂದ ಶರಣಬಸಮ್ಮ ನಗುತ್ತಾರೆ. ಬಾಲಮ್ಮ ನಗುವುದಿಲ್ಲ. ಆ ಮನೆಯ ಸೊಸೆಗೆ ಈಗ ಆರು ತಿಂಗಳು.

ಹನ್ನೆರಡು ವರ್ಷದ ಹಿಂದೆ ಗುಡ್ಡದ ಹೊಲಗಳಿಗೆ ಯಾರೋ ಬಂದು, ಬಾಂಬಿಗೂ ಬೇಕಾಗುವ ಯುರೇನಿಯಂ ಹುಡುಕುತ್ತ ಆಳಕ್ಕೆ ಕೊಳವೆ ಇಳಿಸಿದ್ದರು. ಹೋಗುವಾಗ ನೆಲದ ಹೊಟ್ಟೆಯಿಂದ ತೆಗೆದ ಉದ್ದನೆಯ ದುಂಡು ಕಲ್ಲುಗಳನ್ನು ಅಲ್ಲೇ ಬಿಟ್ಟರು. ನುಣ್ಣಗಿದ್ದವು, ಮುಷ್ಟಿಗೆ ಹೇಳಿ ಮಾಡಿಸಿದಂತಿದ್ದವು. ಹೆಂಗಸರು ಖಾರ ಕುಟ್ಟಲು ಮನೆಗೊಯ್ದರು.

ನಿವೃತ್ತ ಶಿಕ್ಷಕ ಗುಲಾಮ್ ರಸೂಲ್ ಬಾಲಮ್ಮನವರಿಗೆ ಏಳು ಸಮುದ್ರದಾಚೆಯ ಕಥೆ ಹೇಳಿದ್ದು ಆಮೇಲೆ. ೧೯೫೪ರಲ್ಲಿ ಅಮೆರಿಕ ಬಾಂಬ್ ಪರೀಕ್ಷಿಸಿದಾಗ ಮಾರ್ಷಲ್ ದ್ವೀಪಗಳ ಮೂಲನಿವಾಸಿಗಳ ಮೇಲೆ ವಿಕಿರಣದ ಬಿಳಿ ಬೂದಿ ಉದುರಿತು. ಮಕ್ಕಳು ಅದರಲ್ಲೇ ಆಡಿದರು. ಮೂರು ವರ್ಷಕ್ಕೆ ‘ಭಯವಿಲ್ಲ’ ಎಂದು ಅವರನ್ನು ಊರಿಗೆ ಮರಳಿಸಿದರು. ವರ್ಷಗಳ ಮೇಲೆ ಗಂಟಲಲ್ಲಿ ಗಡ್ಡೆ ಕಂಡವು, ಬಸುರು ಇಳಿದವು.

“ಭಯಾ ಇಲ್ಲ ಅಂದೋರು ಆ ದ್ವೀಪದಾಗ ಮನಿ ಮಾಡ್ಯಾರೇನ್ರಿ?” ಬಾಲಮ್ಮ ಕೇಳುತ್ತಾರೆ.

ಕಲ್ಲುಗಳನ್ನು ಪರೀಕ್ಷಿಸಿರೆಂದು ಮಾಸ್ತರರು ಸರ್ಕಾರಕ್ಕೆ ಅರ್ಜಿ ಬರೆದುಕೊಟ್ಟರು. ‘ಅಪಾಯವಿಲ್ಲ’ ಎಂಬ ಉತ್ತರ ಬಂತು. ನೋಡಲು ಯಾರೂ ಬರಲಿಲ್ಲ. “ನೋಡಲಾರದೇ ಹ್ಯಾಂಗ ಗೊತ್ತಾಯ್ತು? ಅಲ್ಲೇ ನನಗ ಸಂಶೇ ಬಂತು ನೋಡ್ರಿ,” ಎನ್ನುತ್ತಾರೆ ಬಾಲಮ್ಮ.

ಮಿಕ್ಸಿ ಬಂದ ಮೇಲೆ ದಿನಕ್ಕೆ ಮೂರು ಬೀಸುಕಲ್ಲು ಸಿಕ್ಕರೆ ಹೆಚ್ಚು. ಆದರೂ ಬಾಲಮ್ಮ ಹದಿನಾಲ್ಕು ಹಳ್ಳಿ ತಿರುಗುತ್ತಾರೆ. ಒಂದು ಉದ್ದನೆಯ ಕಲ್ಲಿಗೆ ಬದಲು ತಾವೇ ಎರಡು ದಿನ ಕಟೆದ ಕರಿಕಲ್ಲು ಕೊಡುತ್ತಾರೆ. ಪಡೆದದ್ದನ್ನು ಊರಾಚೆಯ ಗುಂಡಿಗೆ ಹಾಕಿ, ಮೇಲೆ ಶಹಾಬಾದ್ ಪರಸಿಯ ಹಾಸುಗಲ್ಲು ಮುಚ್ಚುತ್ತಾರೆ.

ಶರಣಬಸಮ್ಮ ಕರಿಕಲ್ಲನ್ನು ತೂಗಿ ನೋಡಿ, ಒಂದು ಹಿಡಿ ಮೆಣಸಿನಕಾಯಿ ಕುಟ್ಟುತ್ತಾರೆ. “ಭಾಳ ಒಜ್ಜಿ ಆತು.” ಸೊಸೆ ಬಾಗಿಲಿಗೆ ಬಂದು ನಿಲ್ಲುತ್ತಾಳೆ. ಅತ್ತೆ ಅವಳ ಹೊಟ್ಟೆಯನ್ನೊಮ್ಮೆ ನೋಡಿ, ಹಳೆಯ ಕಲ್ಲನ್ನು ಸೀರೆ ತುಂಡಿನಲ್ಲಿ ಸುತ್ತಿ ಹೊರಗಿಡುತ್ತಾರೆ.

“ಹತ್ತೊಂಬತ್ತಾದ್ವು. ಇನ್ನೂ ನಾಕವ,” ಬಾಲಮ್ಮ ಚೀಲ ಹೆಗಲಿಗೇರಿಸುತ್ತಾರೆ. “ಯಾರರೆ ಬಂದು ಯಂತ್ರ ಹಚ್ಚಿ ನೋಡಿ, ‘ಬಾಲಮ್ಮ, ನೀ ಹುಚ್ಚಿ, ಇವು ಬರೀ ಕಲ್ಲು’ ಅನ್ಲಿ. ಅವತ್ತ ನಾನೇ ಹೊತ್ತು ಮನಿ ಮನಿಗಿ ವಾಪಸ್ ಕೊಡ್ತೀನಿ. ಅಲ್ಲಿತನಕಾ ನನ್ನ ಕಲ್ಲಿಲೇ ಕುಟ್ರಿ.”